ಇಟಾರ್ಸಿಗೆ ಒಂದು ಟಿಕೆಟ್ಟು

ನಮ್ಮ ಜಿಲ್ಲೆಗೆ ರೈಲಿಲ್ಲ.
ಇರುವುದೊಂದೇ: ಮಡಿಕೇರಿಯಲ್ಲಿ, ರಾಜಾಸೀಟಿನ ಪಕ್ಕ,
ಮೂರು ಡಬ್ಬಿ, ಒಂದು ಸಿಮೆಂಟಿನ ಸುರಂಗ,
ಹೊರಟಲ್ಲಿಗೇ ಬಂದು ನಿಲ್ಲುವ ಪುಟಾಣಿ ಗಾಡಿ.
ಅದರ ಡ್ರೈವರು ನಾನು, ಮೊಯ್ದು.
ಇಪ್ಪತ್ತೆಂಟು ವರ್ಷ ಬಸ್ ಡಿಪೋದಲ್ಲಿ ಗ್ರೀಸು ಮೆತ್ತಿಕೊಂಡವನು;
ಸ್ಟೇರಿಂಗೇ ಇಲ್ಲದ ಈ ಗಾಡಿಯಲ್ಲಿ ಇವತ್ತಿಗೂ
ಕೈ ಸುಮ್ಮನೆ ತಿರುವು ಹುಡುಕುತ್ತದೆ.

ಡಿಸೆಂಬರ್. ಕಿತ್ತಳೆಯ ಕಾಲ.
ಮಂಗಳವಾರ, ಜನ ಕಮ್ಮಿ: ಚನ್ನರಾಯಪಟ್ಟಣದ ಯಾವುದೋ ಶಾಲೆಯ
ಹನ್ನೊಂದು ಮಕ್ಕಳು, ನಿದ್ದೆಗಣ್ಣಿನ ಒಬ್ಬ ಮೇಷ್ಟ್ರು,
ಮತ್ತೆ ದೇಚವ್ವ.
ಎಂಬತ್ತಮೂರರ ಮುದುಕಿ. ಹಿಂದಕ್ಕೆ ನೆರಿಗೆಯ ಸೀರೆ,
ಮೊಣಕಾಲಿಗೆ ಬಿಗಿದ ಪಟ್ಟಿ, ಕೈಯಲ್ಲಿ ಬುತ್ತಿ.
ಕಿಂಡಿಗೆ ಬಗ್ಗಿ ಕೇಳಿದಳು:
"ಇಟಾರ್ಸಿಗೆ ಒಂದು. ಕಿಟಕಿ ಪಕ್ಕ."

ನಕ್ಕೆ. ಅವಳು ನಗಲಿಲ್ಲ.
ನಮ್ಮ ಗಾಡಿಗೆ ಕಿಟಕಿಯೇ ಇಲ್ಲವ್ವ, ನಾಲ್ಕೂ ಕಡೆ ಬಯಲು, ಅಂದೆ.
ಹಾಗಾದರೆ ಇನ್ನೂ ಒಳ್ಳೆಯದು, ಅಂದಳು.

ಸರಪಳಿ ಸಿಕ್ಕಿಸುವಷ್ಟರಲ್ಲಿ ಹೇಳಿ ಮುಗಿಸಿದಳು:
ಅಣ್ಣ ಬೆಳ್ಳಿಯಪ್ಪ. ಪಟ್ಟಾಳಕ್ಕೆ ಹೋದವನು.
ರೈಲು ನಿಂತಲ್ಲೆಲ್ಲ ತಂಗಿಗೆ ಒಂದು ಕಾರ್ಡು.
ಜೋಲಾರಪೇಟೆ: ಇಡ್ಲಿಯೋ ಕಲ್ಲೋ ತಿಳಿಯಲಿಲ್ಲ.
ಬೆಜವಾಡ: ಸೇತುವೆಯ ಕಂಬ ಎಣಿಸುತ್ತ ಎಣಿಸುತ್ತ ನಿದ್ದೆ ಹೋದೆ.
ಬಲ್ಲಾರ್ಷಾ: ಸೆಖೆ.
ನಾಗಪುರ: ಕಿತ್ತಳೆ ತಿಂದೆ, ನಮ್ಮದರ ಮುಂದೆ ಏನೇನೂ ಅಲ್ಲ.
ಇಟಾರ್ಸಿ: ಇಲ್ಲಿ ಇಪ್ಪತ್ತು ನಿಮಿಷ ನಿಲ್ಲುತ್ತದಂತೆ,
ಚಹಾ ಕುಡಿದು ಬಂದು ಮತ್ತೆ ಬರೆಯುತ್ತೇನೆ.

ಆಮೇಲೆ ಬಂದದ್ದು ಅವನ ಟ್ರಂಕು;
ಮೈಸೂರಿನವರೆಗೆ ರೈಲಲ್ಲಿ,
ಅಲ್ಲಿಂದ ಬಸ್ಸಿನ ತಲೆ ಮೇಲೆ.

ಸೀಟಿ ಹೊಡೆದೆ. ಗಾಡಿ ಕೆಮ್ಮಿ ಹೊರಟಿತು.
ಮೊದಲ ತಿರುವು, ಸಿಲ್ವರ್ ಓಕಿನ ಬುಡ: "ಜೋಲಾರಪೇಟೆ,"
ಬೆನ್ನ ಹಿಂದೆ ದನಿ.
ಮೋರಿಯ ಮೇಲೆ ಗಡಗಡ ಅಂದಾಗ: "ಬೆಜವಾಡ. ಎಣಿಸಿ ಮಕ್ಕಳೇ!"
ಮಕ್ಕಳು ಎಣಿಸಿದರು. ಒಂದು, ಎರಡು. ಮುಗಿಯಿತು ಗೋದಾವರಿ,
ಅಲ್ಲ, ಕೃಷ್ಣೆ, ಅಂತ ಮೇಷ್ಟ್ರು ಎಚ್ಚೆತ್ತು ತಿದ್ದಿದರು.
ಕೆಳಗೆ ಕಣಿವೆ, ನೀಲಿಯ ಮೇಲೆ ನೀಲಿ ಬೆಟ್ಟ,
ಅದರಾಚೆ ಎಲ್ಲೋ ಮಂಗಳೂರಿಗಿಳಿಯುವ ಲಾರಿಯ ಹಾರ್ನು.
ನಾಗಪುರಕ್ಕೆ ಅವಳು ಬುತ್ತಿ ಬಿಚ್ಚಿ
ಕಿತ್ತಳೆ ಸುಲಿದು ಹಿಂದಕ್ಕೂ ಮುಂದಕ್ಕೂ ದಾಟಿಸಿದಳು;
ಡಬ್ಬಿಯೆಲ್ಲ ಸಿಪ್ಪೆಯ ಘಮ.
ಬಾಳೆಯೆಲೆಯಲ್ಲಿ ಕಡುಂಬುಟ್ಟು ಎರಡು, ನನ್ನ ಹೆಗಲ ಮೇಲಿಂದ:
"ತಿನ್ನು ಮೊಯ್ದು, ಹೆದರಬೇಡ. ಜೊತೆಗೆ ಬರೀ ಜೇನು."

ಸುರಂಗ. ಮಕ್ಕಳ ಕೂಗು, ಕೂಗಿಗೆ ಸಿಮೆಂಟಿನ ಕೂಗು.
ಹೊರಬಂದಾಗ ಬಿಸಿಲು ಕಣ್ಣಿಗೆ ಕುಕ್ಕಿತು.
"ಇದೇ," ಅಂದಳು. "ಇಲ್ಲಿ."

ನಿಲ್ಲಿಸುವಂತಿಲ್ಲ, ನಿಯಮ.
ಬ್ರೇಕು ಎಳೆದೆ.

ಇಳಿಯುತ್ತಾಳೆಂದುಕೊಂಡೆ. ಇಳಿಯಲಿಲ್ಲ.
ಅಳುತ್ತಾಳೆಂದು ತಿರುಗಿ ನೋಡಲಿಲ್ಲ; ಕನ್ನಡಿಯಲ್ಲಿ ನೋಡಿದರೆ
ಕತ್ತು ಚಾಚಿ ಹಳಿಯ ಉದ್ದಕ್ಕೂ ಹುಡುಕುತ್ತಿದ್ದಾಳೆ,
ಮದುವೆಮನೆಯ ಗುಂಪಿನಲ್ಲಿ ಪರಿಚಯದ ತಲೆ ಹುಡುಕುವ ಹಾಗೆ.
ಫರ್ನ್ ಗಿಡ. ಯಾರೋ ಎಸೆದ ಚಿಪ್ಸಿನ ಕವರು.
ಒಂದು ಓತಿಕ್ಯಾತ, ಹಳಿಯ ಮೇಲೆ, ಬಿಸಿಲಿಗೆ.

ಒಬ್ಬ ಹುಡುಗ ಕೇಳಿದ: ಯಾಕೆ ನಿಂತಿತು, ಕೆಟ್ಟುಹೋಯಿತಾ?
"ಚಹಾಕ್ಕೆ ಹೋಗಿದ್ದಾನೆ ಒಬ್ಬ," ದೇಚವ್ವ ಅಂದಳು,
"ಬರಲಿ ಇರು."
ಹುಡುಗ ಒಪ್ಪಿಕೊಂಡ. ರೈಲಿನಲ್ಲಿ ಇದೆಲ್ಲ ಇರುವುದೇ.

ಎಷ್ಟು ಹೊತ್ತೋ. ಇಪ್ಪತ್ತು ನಿಮಿಷವಂತೂ ಅಲ್ಲ,
ನಾಲ್ಕಿರಬಹುದು. ಓತಿಕ್ಯಾತ ತಲೆ ಕುಣಿಸಿ ಇಳಿದುಹೋಯಿತು.
"ಹೊರಡು," ಅಂದಳು, ಸೆರಗಿಗೆ ಕೈ ಒರೆಸುತ್ತ.
"ಚಹಾ ಚೆನ್ನಾಗಿರಬೇಕು."

ಸಂಜೆ ಮೇಲಿನವರು ಕೇಳಿದರು: ಗಾಡಿ ನಡುದಾರಿಯಲ್ಲಿ ನಿಂತದ್ದೇಕೆ?
ರಿಜಿಸ್ಟರಿನಲ್ಲಿ ಕಾರಣದ ಕಲಮ್ಮು.
ಒಂದೇ ಹಳಿ, ಒಂದೇ ಗಾಡಿ, ಒಬ್ಬನೇ ಡ್ರೈವರು;
ಪೆನ್ನು ಕಚ್ಚಿ ಬಹಳ ಹೊತ್ತು ಕೂತೆ.
ಆಮೇಲೆ ಬರೆದೆ, ದುಂಡಗೆ:
ಎದುರು ಗಾಡಿಗೆ ಕ್ರಾಸಿಂಗ್.